‘ಹಿಂದೆ ಬಸ್ಸುಂಟು’ ಎಂದ ಕಂಡಕ್ಟರನ ಶಿಕ್ಷೆ ಇಳಿಸುವ ಬಗ್ಗೆ

ಇಂದ:
ಹಫ್ಸ,
ಗಂಡ ಹನೀಫಾ (ಮೊದಲು ಬಸ್ ಕಂಡಕ್ಟರ್, ಈಗ ಮನೆ ಕಂಡಕ್ಟರ್),
ವೇಣೂರು ರಸ್ತೆ, ಗುರುವಾಯನಕೆರೆ,
ಬೆಳ್ತಂಗಡಿ ತಾಲೂಕು.

ಗೆ:
ಮಾನ್ಯ ನ್ಯಾಯಾಧೀಶರು,
ಕಾರ್ಮಿಕ ನ್ಯಾಯಾಲಯ.

ದಿನಾಂಕ: ಆಗಸ್ಟ್ ೨೦೨೪. ಬರೆಯಲು ಕುಳಿತದ್ದು ಸೋಮವಾರ. ಮುಗಿಸಿದ್ದು ಯಾವಾಗ ಎಂಬುದು ಕೊನೆಯಲ್ಲಿ ತಿಳಿಯುತ್ತದೆ.

ವಿಷಯ: ಮೇಘಮಾಲಾ ಮೋಟಾರ್ಸಿನವರು ಸದರಿ ಹನೀಫಾರಿಗೆ ವಿಧಿಸಿದ ‘ಕೆಲಸದಿಂದ ವಜಾ’ ಎಂಬ ಶಿಕ್ಷೆಯನ್ನು ಅವರ ಹೆಂಡತಿ ಅನುಭವಿಸುತ್ತಿರುವುದರಿಂದ, ಸದರಿ ಶಿಕ್ಷೆಯನ್ನು ಇಳಿಸಿ, ಸದರಿ ಗಂಡನನ್ನು ಹಗಲು ಹೊತ್ತು ಬಸ್ಸಿಗೆ ವಾಪಸು ಕೊಡಿಸುವ ಬಗ್ಗೆ.

ಉಲ್ಲೇಖ:
೧. ಮೇಘಮಾಲಾ ಮೋಟಾರ್ಸಿನ ಮಾಲೀಕರಾದ ವೀರರಾಜ ಜೈನ್ ಅವರ ವಜಾ ಆದೇಶ.
೨. ಕೈಗಾರಿಕಾ ವಿವಾದಗಳ ಕಾಯ್ದೆ, ಕಲಂ ೧೧-ಎ.
೩. ಮದುವೆಯ ವಿಡಿಯೊ, ಮುಖ್ಯವಾಗಿ ಡ್ರೋನಿನಿಂದ ತೆಗೆದ ಭಾಗ.
೪. ಅರ್ಜಿದಾರಳ ಅತ್ತೆ ಜೈನಬಮ್ಮನವರ ಮೌಖಿಕ ಆದೇಶ: “ಒಂದೋ ಅವನನ್ನು ಬಸ್ಸಿಗೆ ಹತ್ತಿಸು, ಇಲ್ಲದಿದ್ದರೆ ನನ್ನನ್ನು ಬಸ್ಸಿಗೆ ಹತ್ತಿಸು.”

ಮಾನ್ಯರೇ,

ಮೇಲ್ಕಾಣಿಸಿದ ವಿಷಯಕ್ಕೆ ಸಂಬಂಧಿಸಿದಂತೆ ತಮ್ಮಲ್ಲಿ ನಿವೇದಿಸಿಕೊಳ್ಳುವುದೇನೆಂದರೆ, ಅರ್ಜಿದಾರಳು ಮದುವೆಗೆ ಮೊದಲು ಬೆಳ್ತಂಗಡಿಯ ವಕೀಲರಾದ ಅಬ್ದುಲ್ ಹಕೀಂ ಅವರ ಕಚೇರಿಯಲ್ಲಿ ಟೈಪಿಂಗ್ ಕೆಲಸ ಮಾಡಿದವಳು. ‘ಸದರಿ’, ‘ಮೇಲ್ಕಂಡ’, ‘ಆದಕಾರಣ’ ಎಂಬ ಪದಗಳನ್ನು ಬೆರಳು ನೋಯುವಷ್ಟು ಕುಟ್ಟಿದವಳು. ಆದ್ದರಿಂದ ಈ ಅರ್ಜಿಯಲ್ಲಿ ಆಕೆಯನ್ನು ಅರ್ಜಿದಾರಳು ಎಂದೂ ಆಕೆಯ ಗಂಡನನ್ನು ಸದರಿ ಹನೀಫಾ ಎಂದೂ ಕರೆಯಲಾಗಿದೆ. ಮನೆಯಲ್ಲಿ ಕರೆಯುವ ಹೆಸರುಗಳು ಬೇರೆ ಉಂಟು, ಅವು ನ್ಯಾಯಾಲಯದಲ್ಲಿ ಹೇಳುವಂಥವಲ್ಲ. ಮನೆಯ ಮಾತು ಬ್ಯಾರಿ, ಬಸ್ಸಿನ ಮಾತು ತುಳು. ತಮ್ಮ ಅನುಕೂಲಕ್ಕಾಗಿ ಎಲ್ಲವನ್ನೂ ಕನ್ನಡಕ್ಕೆ ತಂದು, ಬೈಗುಳಗಳನ್ನು ದಾರಿಯಲ್ಲೇ ಇಳಿಸಿ ಬರಲಾಗಿದೆ.

೧. ಅರ್ಜಿ ಹಾಕುವ ಹಕ್ಕಿನ ಬಗ್ಗೆ:

ಕೆಲಸ ಕಳೆದುಕೊಂಡ ಕಾರ್ಮಿಕನ ಅರ್ಜಿಯನ್ನು ಹಕೀಂ ವಕೀಲರು ಈಗಾಗಲೇ ತಮ್ಮಲ್ಲಿ ಸಲ್ಲಿಸಿದ್ದಾರೆ. ಅಚ್ಚುಕಟ್ಟಾದ ಅರ್ಜಿ, ಅಲ್ಪವಿರಾಮ ಕೂಡ ತಪ್ಪಿಲ್ಲ. ಆದರೆ ಅದರಲ್ಲಿ ವಿಷಲಿನ ಸುದ್ದಿ ಇಲ್ಲ, ಕುಕ್ಕರಿನ ಸುದ್ದಿ ಇಲ್ಲ, ಅರ್ಜಿದಾರಳ ಸುದ್ದಿಯಂತೂ ‘ವಿವಾಹಿತ’ ಎಂಬ ಒಂದು ಪದದಲ್ಲಿ ಮುಗಿದುಹೋಗಿದೆ! ಈ ಬಗ್ಗೆ ವಿಚಾರಿಸಲು ಅರ್ಜಿದಾರಳು ಕಚೇರಿಗೆ ಹೋದಾಗ ನಡೆದ ಮಾತು ಈ ಕೆಳಗಿನಂತಿದೆ.

“ಹಫ್ಸ, ಕೆಲಸ ಹೋದದ್ದು ಅವನದ್ದಲ್ವಾ? ನೀನು ಅರ್ಜಿ ಹಾಕಿದರೆ ಕೋರ್ಟಿನವರು ನಗಾಡ್ತಾರೆ.”

“ನಗಾಡ್ಲಿ ಸರ್. ಕೆಲಸ ಹೋದದ್ದು ಅವರದ್ದು, ಸರಿ. ಶಿಕ್ಷೆ ಆಗ್ತಾ ಇರುದು ನನಗೆ. ನನಗೆ ಯಾರು ನೋಟಿಸು ಕೊಟ್ಟಿದ್ದಾರೆ? ನನ್ನ ವಿಚಾರಣೆ ಯಾವಾಗ ಆಯ್ತು?”

ವಕೀಲರು ಕನ್ನಡಕ ತೆಗೆದು ಒರೆಸತೊಡಗಿದರು. ವಾದ ಸೋತಾಗ ಅವರು ಕನ್ನಡಕ ಒರೆಸುತ್ತಾರೆಂಬುದು ಅರ್ಜಿದಾರಳಿಗೆ ಟೈಪಿಂಗ್ ಕಾಲದಿಂದಲೂ ಗೊತ್ತು. ಆದಕಾರಣ ಈ ಅರ್ಜಿ.

೨. ವಿಷಲಿನ ಬಗ್ಗೆ:

ಸದರಿ ಹನೀಫಾ ಮೇಘಮಾಲಾ ಬಸ್ಸಿನ ಕಂಡಕ್ಟರು, ಶೀನಪ್ಪ ಎಂಬವರು ಅದೇ ಬಸ್ಸಿನ ಡ್ರೈವರು. ಬೆಳ್ತಂಗಡಿಯಿಂದ ಹೊರಟು ಗುರುವಾಯನಕೆರೆ, ವೇಣೂರು ದಾಟಿ ಮೂಡುಬಿದಿರೆಗೆ ಹೋಗುವ ಆ ಬಸ್ಸಿನಲ್ಲಿ ಇವರಿಬ್ಬರೂ ಮೀಸೆ ಕಪ್ಪಗಿದ್ದಾಗಿನಿಂದ ಒಟ್ಟಿಗೆ ದುಡಿದವರು. ಇವರ ನಡುವೆ ಮಾತು ಕಡಿಮೆ. ಒಂದು ವಿಷಲ್ ಊದಿದರೆ ನಿಲ್ಲುವುದು, ಎರಡು ಊದಿ ‘ಪೋಯಿ’, ಅಂದರೆ ಹೋಗುವ, ಎಂದರೆ ಹೊರಡುವುದು. ಶೀನಪ್ಪನವರು ಹಿಂದೆ ತಿರುಗಿ ನೋಡಿದ್ದನ್ನು ಈ ರೂಟಿನಲ್ಲಿ ಯಾರೂ ಕಂಡಿಲ್ಲ. ಕೇಳಿದರೆ, “ಹಿಂದೆ ನೋಡ್ಲಿಕ್ಕೆ ಹನೀಫಾಕ ಇದ್ದಾರಲ್ಲ, ನಾನು ಯಾಕೆ ನೋಡುದು?” ಎನ್ನುತ್ತಾರೆ. (ಹನೀಫಾಕ ಎಂದರೆ ಹನೀಫಣ್ಣ.) ಬಸ್ಸಿನ ಒಳಗಿನ ಕನ್ನಡಿ ಅವರಿಗೆ ತಲೆ ಬಾಚಲಿಕ್ಕೆ ಮಾತ್ರ.

ಇನ್ನೊಂದು ವಿಷಯವನ್ನೂ ಇಲ್ಲಿಯೇ ದಾಖಲಿಸುವುದು ಒಳ್ಳೆಯದು. ಬಸ್ಸು ಹೊರಟ ಮೇಲೆ ಕೈ ಎತ್ತಿಕೊಂಡು ಓಡಿ ಬರುವವರಿಗೆ ನಮ್ಮ ಕಡೆಯ ಕಂಡಕ್ಟರುಗಳು ಹೇಳುವ ಸಮಾಧಾನದ ಮಾತೊಂದುಂಟು: “ಹಿಂದೆ ಬಸ್ಸುಂಟು, ಖಾಲಿ ಉಂಟು, ಅದರಲ್ಲಿ ಬನ್ನಿ!” ಹಿಂದೆ ಬಸ್ಸು ಇದ್ದರೂ ಇದೇ ಮಾತು, ಸಂಜೆಯವರೆಗೆ ಬಸ್ಸಿಲ್ಲದಿದ್ದರೂ ಇದೇ ಮಾತು. ಅರ್ಜಿದಾರಳೇ ಟೈಪಿಂಗಿಗೆ ಹೋಗುತ್ತಿದ್ದ ಕಾಲದಲ್ಲಿ ಓಡಿ ಓಡಿ ಈ ಮಾತನ್ನು ಸದರಿ ಹನೀಫಾರ ಬಾಯಿಂದ ಕೇಳಿ, ಮರುದಿನ ಚೆನ್ನಾಗಿ ಜಗಳ ಮಾಡಿದ್ದಳು; ಆ ಜಗಳ ಮುಂದೆ ನಿಖಾದಲ್ಲಿ ಮುಕ್ತಾಯವಾಯಿತು. ಆದರೆ ಅದು ಈ ಪ್ರಕರಣಕ್ಕೆ ಸಂಬಂಧಿಸಿದ್ದಲ್ಲ.

೩. ದುರ್ನಡತೆ ಎನ್ನಲಾದ ಘಟನೆಯ ಬಗ್ಗೆ:

ಧಣಿಗಳಾದ ವೀರರಾಜರ ಮಗ ರಿಷಭ್ ಅವರಿಗೆ ತೋಡಾರಿನ ಗ್ರೀಷ್ಮಾ ಎಂಬ ಹುಡುಗಿಯೊಂದಿಗೆ ಮೂಡುಬಿದಿರೆಯ ಸಭಾಭವನದಲ್ಲಿ ಮದುವೆ. ಧಣಿಗಳ ಮನೆಯ ಮದುವೆ ಎಂದರೆ ಬಸ್ಸಿನವರೆಲ್ಲ ಹೋಗಿ ನಿಂತು ದುಡಿಯುವುದು ಮೊದಲಿನಿಂದಲೂ ನಡೆದು ಬಂದ ಕ್ರಮ. ಡ್ಯೂಟಿಯೂ ಅಲ್ಲ, ರಜೆಯೂ ಅಲ್ಲ. ಸದರಿ ಹನೀಫಾರಿಗೆ ಜನ ನಿಭಾಯಿಸುವ ಕೆಲಸ, ಶೀನಪ್ಪನವರಿಗೆ ಹೂವಿನ ಅಲಂಕಾರದ ಕಾರು ಬಿಡುವ ಕೆಲಸ. ಸದರಿ ಹನೀಫಾ ಹೊಸ ಅಂಗಿಯ ಜೇಬಿನಲ್ಲಿ ವಿಷಲ್ ಹಾಕಿಕೊಂಡದ್ದನ್ನು ಅರ್ಜಿದಾರಳು ಕಣ್ಣಾರೆ ಕಂಡು, “ಮದುವೆಗೆ ವಿಷಲ್ ಯಾಕೆ?” ಎಂದು ಕೇಳಿದ್ದೂ, “ಜೇಬು ಖಾಲಿ ಇದ್ದರೆ ಎಂತದೋ ಆಗ್ತದೆ ಮಾರಾಯ್ತಿ” ಎಂದು ಉತ್ತರ ಬಂದದ್ದೂ ನಿಜ.

ಊಟದ ಹಾಲಿನಲ್ಲಿ ಅವರು ಮಾಡಿದ ಸೇವೆಯನ್ನು ಯಾರೂ ಅಲ್ಲಗಳೆಯುವುದಿಲ್ಲ. “ಎದುರು ಖಾಲಿ ಉಂಟು, ಎದುರು ಹೋಗಿ, ಬಾಗಿಲಲ್ಲಿ ನಿಲ್ಲಬೇಡಿ, ಮಕ್ಕಳನ್ನು ಮಡಿಲಲ್ಲಿ ಕೂರಿಸಿ” ಎಂದು ಕೂಗಿ ಕೂಗಿ ಮೂರು ಪಂಕ್ತಿಯ ಜನರನ್ನು ಎರಡೇ ಪಂಕ್ತಿಯಲ್ಲಿ ಉಣ್ಣಿಸಿದರು. ಧಣಿಗಳೇ ಬೆನ್ನು ತಟ್ಟಿದರಂತೆ. ಆ ತಟ್ಟಿದ್ದೇ ತಲೆಗೇರಿತು ಎಂಬುದು ಅರ್ಜಿದಾರಳ ಊಹೆ.

ಮಧ್ಯಾಹ್ನ ಮದುಮಕ್ಕಳು ಬಂಟ್ವಾಳದ ಹತ್ತಿರದ ಧಣಿಗಳ ಮನೆಗೆ ಹೊರಡುವ ಹೊತ್ತು. ಮದುಮಗಳು ಕಾರಿನಲ್ಲಿ ಕುಳಿತಾಯಿತು. ಆಕೆಯ ಪಕ್ಕಕ್ಕೆ ಮದುಮಗನ ತಾಯಿ ಮನೋರಮಾ ಅಮ್ಮನವರು, ಇನ್ನೊಂದು ಪಕ್ಕಕ್ಕೆ ನೆಂಟರ ಒಂದೆರಡು ಚಿಳ್ಳೆಪಿಳ್ಳೆಗಳು ಸೇರಿಕೊಂಡವು. ಮದುಮಗ ಮುಂದಿನ ಸೀಟಿನಲ್ಲಿ ಒಂದು ಕಾಲು ಇಟ್ಟಿದ್ದರು. ಅಷ್ಟರಲ್ಲಿ ಯಾರೋ ಹಿರಿಯರು ತಡವಾಗಿ ಬಂದರೆಂದು, ಅವರ ಕಾಲಿಗೆ ಬೀಳಲು ಕಾಲು ಹಿಂದೆ ತೆಗೆದರು. ಸದರಿ ಹನೀಫಾ ಮುಂದೆ ನೋಡಲಿಲ್ಲ. ಹಿಂದಿನ ಸೀಟು ನೋಡಿದರು: ಫುಲ್. ಬಾಗಿಲು ಎಳೆದು ಹಾಕಿದರು. ಕಾರಿನ ಬೆನ್ನಿಗೆ ಪಟಪಟ ಎರಡು ಬಡಿದರು. ಕೈ ತನ್ನಷ್ಟಕ್ಕೆ ಜೇಬಿಗೆ ಹೋಯಿತು.

ಎರಡು ವಿಷಲ್. “ರೈಟ್, ಪೋಯಿ!”

ಶೀನಪ್ಪನವರು ಹೊರಟರು! ಯಾಕೆ ಹೊರಡುವುದಿಲ್ಲ? ಜೀವಮಾನವಿಡೀ ಆ ವಿಷಲಿಗೆ ಹೊರಟವರು. ಮುಂದಿನ ಬಾಗಿಲು ಗಾಳಿಗೆ ತಾನಾಗಿ ಮುಚ್ಚಿಕೊಂಡಿತು. ಮದುಮಗ ಕಾಲಿಗೆ ಬಿದ್ದು ಎದ್ದು ನೋಡುವಾಗ ಕಾರು ಗೇಟು ದಾಟುತ್ತಿದೆ. ಅವರು ಪೇಟ ಹಿಡಿದುಕೊಂಡು, ಕೈ ಎತ್ತಿಕೊಂಡು ಓಡಿ ಬಂದರು.

ಮಾನ್ಯರೇ, ಇಲ್ಲಿಯವರೆಗಿನದ್ದು ಅವಸರ. ಇದಕ್ಕೆ ಧಣಿಗಳು ಎರಡು ಬೈದು ಬಿಡುತ್ತಿದ್ದರೋ ಏನೋ. ಆದರೆ ಕೈ ಎತ್ತಿಕೊಂಡು ಓಡಿ ಬರುವ ಒಬ್ಬ ಮನುಷ್ಯನನ್ನು ಕಂಡ ಕೂಡಲೇ, ಅವನ ಪೇಟವನ್ನಾಗಲಿ ಕೊರಳಿನ ಮಾಲೆಯನ್ನಾಗಲಿ ಗಮನಿಸದೆ, ಸದರಿ ಹನೀಫಾ ಅಂಗೈ ಅಗಲಿಸಿ ಇಡೀ ಸಭಾಭವನಕ್ಕೆ ಕೇಳುವಂತೆ ಕೂಗಿದರು:

“ಹಿಂದೆ ಬಸ್ಸುಂಟು, ಖಾಲಿ ಉಂಟು, ಅದರಲ್ಲಿ ಬನ್ನಿ!”

ಮೇಲೆ ಡ್ರೋನು ಹಾರುತ್ತಿತ್ತು.

೪. ತದನಂತರದ ಬೆಳವಣಿಗೆಗಳ ಬಗ್ಗೆ:

ಅ) ಕಾರಿನೊಳಗೆ ಮನೋರಮಾ ಅಮ್ಮನವರು ರಾತ್ರಿಯೆಲ್ಲ ನಿದ್ದೆಗೆಟ್ಟವರು, ಸಿದ್ದಕಟ್ಟೆ ಬರುವ ಮೊದಲೇ ಸೊಸೆಯ ಹೆಗಲಿಗೆ ಒರಗಿ ಗೊರಕೆ ಹೊಡೆಯತೊಡಗಿದರು. ಮದುಮಗನ ಮೊಬೈಲು ಅವರ ಚೀಲದಲ್ಲಿತ್ತು. ಮುಂದಿನ ಸೀಟು ಖಾಲಿ ಇರುವುದನ್ನು ಮದುಮಗಳು ಗ್ರೀಷ್ಮಾ ನೋಡಿದ್ದಳು. ಗಂಡಿನ ಕಡೆಯ ಕ್ರಮ ಹೀಗೇ ಇರಬಹುದು, ಕೇಳಿದರೆ ಹೊಸಬಳು ಬಾಯಿಬಡುಕಿ ಅಂದಾರು ಎಂದು ಪಾಪ ಸುಮ್ಮನಿದ್ದಳಂತೆ. ಬಹಳ ಹೊತ್ತಿನ ಮೇಲೆ ಧೈರ್ಯ ಮಾಡಿ, “ಅವರು ಬರುದಿಲ್ವಾ?” ಎಂದು ಕೇಳಿದಳು. “ಹನೀಫಾಕ ವಿಷಲ್ ಊದಿದ ಮೇಲೆ ಎಲ್ಲ ಬಂದಾಗಿದೆ ಎಂದೇ ಲೆಕ್ಕ ಅಮ್ಮ” ಎಂದು ಶೀನಪ್ಪನವರು ರಸ್ತೆಯಿಂದ ಕಣ್ಣು ತೆಗೆಯದೆ ಉತ್ತರಿಸಿದರು.

ಆ) ಮನೆಯಲ್ಲಿ ಆರತಿ ಹಿಡಿದು ಕಾಯುತ್ತಿದ್ದ ಮುದುಕಿಯೊಬ್ಬರಿಗೆ ಕಣ್ಣು ಮಂಜು. ಮದುಮಗಳ ಹತ್ತಿರ ನಿಂತ ಗಂಡಸೇ ಮದುಮಗ ಎಂದು ಶೀನಪ್ಪನವರಿಗೆ ಆರತಿ ಎತ್ತಲು ಹೊರಟರು. ಶೀನಪ್ಪನವರು ಅಂದಿನವರೆಗೆ ಯಾವುದಕ್ಕೂ ಹಿಂದೆ ಸರಿದವರಲ್ಲ. ಅಂದು ಕಾರಿನ ಹಿಂದಿನವರೆಗೆ ಸರಿದರು.

ಇ) ಈಗ ಮುಖ್ಯ ಅಂಶ. ಸದರಿ ಹನೀಫಾ ಹೇಳಿದ್ದು ಸುಳ್ಳಲ್ಲ. ನೆಂಟರಿಗೆಂದು ತಂದು ನಿಲ್ಲಿಸಿದ್ದ ಮೇಘಮಾಲಾ ಬಸ್ಸು ನಿಜವಾಗಿಯೂ ಹಿಂದೆ ಇತ್ತು! ನಿಜವಾಗಿಯೂ ಖಾಲಿ ಇತ್ತು! ಮದುಮಗ ಅದರಲ್ಲಿಯೇ ಬಂದರು. ಆ ದಿನ ಬದಲಿಗೆ ಬಂದಿದ್ದ ಕಂಡಕ್ಟರ್ ಹಿಶಾಮ್, ಪೇಟ ತೊಟ್ಟವರ ಹತ್ತಿರ ಹೋಗಿ “ಎಲ್ಲಿಗೆ?” ಎಂದು ಕೇಳಿದ್ದಕ್ಕೆ ಸದರಿ ಹನೀಫಾ ಹೊಣೆಯಲ್ಲ.

೫. ಸಂಸ್ಥೆಯೊಳಗಿನ ವಿಚಾರಣೆಯ ಬಗ್ಗೆ:

ಆ ವಿಡಿಯೊ ಚಾರ್ಮಾಡಿಯಿಂದ ಬಂಟ್ವಾಳದವರೆಗೆ ಒಂದು ಮೊಬೈಲನ್ನೂ ಬಿಡಲಿಲ್ಲ. ರಿಷಭ್ ಪೇಟೆಗೆ ಹೋದರೆ ಅಂಗಡಿಯವರು “ಹಿಂದೆ ಬಸ್ಸುಂಟು” ಎನ್ನುವುದು, ಅವರು ಮುಖ ಕೆಂಪು ಮಾಡಿಕೊಂಡು ಮನೆಗೆ ಬರುವುದು. ಮಗನ ಮುಖ ನೋಡಿ ಧಣಿಗಳಿಗೆ ರೋಷ ಉಕ್ಕಿತು. ಆರೋಪಪಟ್ಟಿ ಬಂತು: “ಆಡಳಿತ ವರ್ಗದ ಪುತ್ರನನ್ನು ಆಡಳಿತ ವರ್ಗದ ವಾಹನದಿಂದ ಹೊರಗುಳಿಸಿ, ಪರ್ಯಾಯ ವಾಹನದ ಬಗ್ಗೆ ಸಾರ್ವಜನಿಕವಾಗಿ ಸೂಚನೆ ನೀಡಿರುವುದು.”

ವಿಚಾರಣಾಧಿಕಾರಿ ಯಾರೆಂದರೆ ಧಣಿಗಳ ತಂಗಿಯ ಮಗ ಅಂಕಿತ್. ಹೊಸದಾಗಿ ಕಾನೂನು ಓದಿದವರು. ಕುರ್ಚಿಯಲ್ಲಿ ನೆಟ್ಟಗೆ ಕುಳಿತು ವಿಡಿಯೊ ಹಾಕಿಸಿದರು. ‘ಹಿಂದೆ ಬಸ್ಸುಂಟು’ ಬರುವವರೆಗೆ ಗಂಭೀರವಾಗಿಯೇ ಇದ್ದರು. ಆಮೇಲೆ ಎದ್ದು ಒಳಗೆ ಹೋದರು. ಒಳಗಿನಿಂದ ಗೋಡೆ ಗುದ್ದುವ ಸದ್ದು ಕೇಳಿಸಿತು. ನಡವಳಿಯಲ್ಲಿ “ವಿಚಾರಣಾಧಿಕಾರಿಗೆ ಕೆಮ್ಮು ಬಂದ ಕಾರಣ ಮುಂದೂಡಲಾಗಿದೆ” ಎಂದು ಬರೆದಿದೆ. ಆ ಕೆಮ್ಮು ಪ್ರತಿ ಸಲವೂ ಅದೇ ಜಾಗದಲ್ಲಿ ಬಂತು.

ಇಷ್ಟರಲ್ಲಿ ಸದರಿ ಹನೀಫಾ ಬುದ್ಧಿವಂತಿಕೆ ತೋರಿಸಬಹುದಿತ್ತು. ಎಲ್ಲಿಂದ! “ತಪ್ಪು ಒಪ್ತೀರಾ?” ಎಂದರೆ “ಒಪ್ತೇನೆ.” “ಬೇರೆ ಹೇಳ್ಲಿಕ್ಕೆ ಉಂಟಾ?” ಎಂದರೆ, “ಮುಂದಿನ ಸೀಟು ನೋಡ್ಲಿಲ್ಲ, ಅದೂ ಬರ್ಕೊಳ್ಳಿ.” ಆರೋಪಪಟ್ಟಿಯಲ್ಲಿ ಇಲ್ಲದ್ದನ್ನೂ ಒಪ್ಪಿ ಬಂದ ಮನುಷ್ಯನನ್ನು ಕಟ್ಟಿಕೊಂಡು ಅರ್ಜಿದಾರಳು ಏನು ಮಾಡಬೇಕು? ವಜಾ ಆದೇಶ ಬಂತು.

೬. ಕಾನೂನಿನ ಬಗ್ಗೆ:

ಆರೋಪ ಸಾಬೀತಾಗಿದೆ, ವಿಚಾರಣೆ ಸರಿಯಾಗಿಯೇ ನಡೆದಿದೆ, ಕೆಮ್ಮನ್ನು ಬಿಟ್ಟುಬಿಡುವ. ಆದರೂ ಕಲಂ ೧೧-ಎ ಏನು ಹೇಳುತ್ತದೆ? ವಿಧಿಸಿದ ಶಿಕ್ಷೆ ತಪ್ಪಿಗಿಂತ ಭಾರ ಎಂದು ಕಂಡರೆ ನ್ಯಾಯಾಲಯವು ವಜಾ ಆದೇಶವನ್ನು ತೆಗೆದುಹಾಕಿ ಕೆಲಸಕ್ಕೆ ವಾಪಸು ಸೇರಿಸಬಹುದು, ಅಥವಾ ಅದಕ್ಕಿಂತ ಸಣ್ಣ ಶಿಕ್ಷೆ ಕೊಡಬಹುದು. ಅರ್ಜಿದಾರಳು ಈ ಕಲಮನ್ನು ಎಷ್ಟೋ ಸಲ ಟೈಪು ಮಾಡಿದ್ದಾಳೆ. ಆಗ ಅದು ಬರೀ ಟೈಪು. ಈಗ ಓದಿದರೆ ಯಾರೋ ಹೆಂಡತಿಯರನ್ನು ನೆನೆದು ಬರೆದಂತೆ ಕಾಣುತ್ತದೆ.

ಸಂಸ್ಥೆಯ ಹಿಂದಿನ ಶಿಕ್ಷೆಗಳನ್ನೂ ನೋಡಬೇಕು. ಇದೇ ಸಂಸ್ಥೆಯ ಡ್ರೈವರ್ ಮೊಯಿದಿನಬ್ಬ ಒಮ್ಮೆ ಏನೋ ಯೋಚನೆಯಲ್ಲಿ ಮೂಡುಬಿದಿರೆಯ ಬಸ್ಸನ್ನು ನೇರವಾಗಿ ಚಾರ್ಮಾಡಿಗೆ ಒಯ್ದರು. ಪ್ರಯಾಣಿಕರೆಲ್ಲ ಘಾಟಿಯ ಬುಡದಲ್ಲಿ ಕಣ್ಣುಜ್ಜಿಕೊಂಡು ಇಳಿದು ಚಾ ಕುಡಿದು ಬಂದರು. ಅವರಿಗೆ ಸಿಕ್ಕಿದ್ದು ಒಂದು ಎಚ್ಚರಿಕೆ ಪತ್ರ. ಇಡೀ ಬಸ್ಸನ್ನು ತಪ್ಪಿಸಿದವರಿಗೆ ಪತ್ರ, ಒಬ್ಬ ಮದುಮಗನನ್ನು ತಪ್ಪಿಸಿದವರಿಗೆ ವಜಾ, ಇದು ಯಾವ ಊರಿನ ನ್ಯಾಯ?

ಸದರಿ ಹನೀಫಾರ ಹಿಂದಿನ ನಡತೆಗೆ ಒಂದೇ ಉದಾಹರಣೆ ಕೊಡಲಾಗಿದೆ. ಪಡಂಗಡಿಯ ಒಬ್ಬ ಅಜ್ಜ ಬಸ್ಸಿನಲ್ಲಿ ಹಲ್ಲಿನ ಸೆಟ್ಟು ಬಿಟ್ಟು ಹೋದಾಗ, ಅದನ್ನು ಕರವಸ್ತ್ರದಲ್ಲಿ ಕಟ್ಟಿ, ಪ್ರತಿ ಸ್ಟಾಪಿನಲ್ಲಿ ಹತ್ತಿದ ಅಜ್ಜಂದಿರನ್ನೆಲ್ಲ “ಒಮ್ಮೆ ನಗಾಡಿ” ಎಂದು ಕೇಳಿ ಕೇಳಿ ಯಜಮಾನರನ್ನು ಹುಡುಕಿ ಮುಟ್ಟಿಸಿದ್ದಾರೆ.

೭. ಅರ್ಜಿದಾರಳು ಅನುಭವಿಸುತ್ತಿರುವ ಶಿಕ್ಷೆಯ ಬಗ್ಗೆ:

ಬಸ್ಸಿನಿಂದ ಇಳಿಸಲ್ಪಟ್ಟ ಸದರಿ ಹನೀಫಾ ಮನೆಯನ್ನು ಹತ್ತಿದರು. ಕುಳಿತುಕೊಳ್ಳುವ ಅಭ್ಯಾಸವೇ ಇಲ್ಲ! ಅಡುಗೆಮನೆಯ ಬಾಗಿಲಿಗೆ ಬೆನ್ನು ಕೊಟ್ಟು, ಮೇಲಿನ ಪಟ್ಟಿ ಹಿಡಿದುಕೊಂಡು ನಿಲ್ಲುತ್ತಾರೆ. ನೆಂಟರು ಬಂದರೆ “ಒಳಗೆ ಹೋಗಿ, ಮಧ್ಯ ಖಾಲಿ ಉಂಟು” ಎನ್ನುತ್ತಾರೆ. ಇರುವುದೇ ಮಧ್ಯ ಮಾತ್ರ, ಅಷ್ಟು ಸಣ್ಣ ಮನೆ. ಅತ್ತೆ ಜೈನಬಮ್ಮನವರು ಮೊಣಕಾಲು ನೋವಿನಿಂದ ಮೆಲ್ಲಗೆ ಬಚ್ಚಲಿನಿಂದ ಹೊರಗೆ ಬಂದರೆ “ಬೇಗ ಇಳೀರಿ, ಬೇಗ ಇಳೀರಿ, ಟೈಮಾಯ್ತು” ಎನ್ನುತ್ತಾರೆ. ಹೆತ್ತ ತಾಯಿಗೆ!

ಎಲ್ಲಕ್ಕಿಂತ ದೊಡ್ಡ ಸಂಕಟ ಕುಕ್ಕರಿನದ್ದು. ಒಂದು ವಿಷಲ್ ಕೇಳಿದರೆ ಸದರಿ ಹನೀಫಾ ಎಲ್ಲಿದ್ದಾರೋ ಅಲ್ಲಿಯೇ ನಿಲ್ಲುತ್ತಾರೆ, ಕೈಯಲ್ಲಿ ನೀರಿನ ಕೊಡವಿರಲಿ, ಒಂದು ಕಾಲು ಹೊಸಿಲಿನ ಆಚೆ ಇರಲಿ. ಎರಡನೆಯದು ಕೂಗಿದ ಕೂಡಲೇ “ರೈಟ್, ಪೋಯಿ” ಎಂದು ಹೊರಡುತ್ತಾರೆ. ಬೇಳೆ ಬೇಯಲು ಮೂರನೆಯದು ಬೇಕು ಎಂದು ಯಾರು ಹೇಳುವುದು? ಅವರು ಆಗಲೇ ಗ್ಯಾಸ್ ಆರಿಸಿ ಹೋಗಿಯಾಗಿರುತ್ತದೆ. ನಮ್ಮ ಮನೆಯಲ್ಲಿ ಬೆಂದ ಬೇಳೆ ತಿನ್ನದೆ ತಿಂಗಳುಗಳಾದವು.

೮. ಶೀನಪ್ಪನವರ ಬಗ್ಗೆ:

ಕಾರು ಬಿಟ್ಟ ಶೀನಪ್ಪನವರಿಗೆ ಶಿಕ್ಷೆ ಆಗಲಿಲ್ಲ, ಕೆಲಸ ಉಳಿಯಿತು. ಆದರೆ ಸದರಿ ಹನೀಫಾರ ಜಾಗಕ್ಕೆ ಬಂದ ಹಿಶಾಮನ ವಿಷಲಿಗೆ ಅವರ ಕಾಲು ಕ್ಲಚ್ಚಿನಿಂದ ಏಳುವುದಿಲ್ಲ. ತಿರುಗಿ ನೋಡುತ್ತಾರೆ. “ಎಲ್ಲ ಹತ್ತಿದರಾ?” ಎಂದು ಕೇಳುತ್ತಾರೆ. ಹೌದು ಎಂದರೂ ಇನ್ನೊಮ್ಮೆ ಎದ್ದು ನೋಡುತ್ತಾರೆ. ಬಸ್ಸು ದಿನಾ ಲೇಟು. ಹಿಂದೆ ಬರುವ ಬೇರೆ ಕಂಪೆನಿಯ ಬಸ್ಸು ಈಗ ಮುಂದೆ ಹೋಗುತ್ತದೆ.

ಸಂಜೆ ಟ್ರಿಪ್ಪು ಮುಗಿಸಿ ಅವರು ನಮ್ಮ ಅಂಗಳಕ್ಕೆ ಬರುತ್ತಾರೆ. ಒಂದು ಪ್ಲಾಸ್ಟಿಕ್ ಕುರ್ಚಿಯನ್ನು ಮುಂದೆ ಹಾಕಿ ರಸ್ತೆಯ ಕಡೆ ಮುಖ ಮಾಡಿ ಕುಳಿತುಕೊಳ್ಳುತ್ತಾರೆ. ಸದರಿ ಹನೀಫಾ ಹಿಂದೆ ನಿಲ್ಲುತ್ತಾರೆ. ಎರಡು ವಿಷಲ್. ಶೀನಪ್ಪನವರ ಕೈ ಗೇರಿಗೆ ಹೋಗುತ್ತದೆ. ಗರ್ಡಾಡಿ, ಪಡಂಗಡಿ, ವೇಣೂರು, ಹೊಸಂಗಡಿ... ಒಂದೊಂದು ಸ್ಟಾಪೂ ಬರುತ್ತದೆ, ಜನ ಇಳಿಯುತ್ತಾರೆ, ಹತ್ತುತ್ತಾರೆ. ಮೂಡುಬಿದಿರೆ ಮುಟ್ಟಿದ ಮೇಲೆ ಇಬ್ಬರೂ ಚಾ ಕೇಳುತ್ತಾರೆ.

ಮೊದಲ ದಿನ ಅರ್ಜಿದಾರಳು ನಗಾಡಿದಳು. ಹೊಟ್ಟೆ ಹಿಡಿದುಕೊಂಡು ನಗಾಡಿದಳು. ಆಮೇಲೆ ಒಂದು ದಿನ ಏನೆನ್ನಿಸಿತೋ, ಇನ್ನೊಂದು ಕುರ್ಚಿ ತಂದು ಹಿಂದೆ ಹಾಕಿ ಕುಳಿತಳು. ಸದರಿ ಹನೀಫಾ ಹತ್ತಿರ ಬಂದು, ಗುರುತೇ ಇಲ್ಲದವರಂತೆ, “ಎಲ್ಲಿಗೆ?” ಎಂದರು. “ಬೆಳ್ತಂಗಡಿ.” “ಈ ಬಸ್ಸು ಆ ಕಡೆ ಹೋಗುದಲ್ಲ. ಕೂತ್ಕೊಳ್ಳಿ, ತಿರುಗಿ ಬರುವಾಗ ಬಿಡ್ತೇನೆ.” ಅರ್ಜಿದಾರಳು ಕುಳಿತೇ ಇದ್ದಳು.

೯. ಈ ಅರ್ಜಿಗೆ ತತ್‌ಕ್ಷಣದ ಕಾರಣದ ಬಗ್ಗೆ:

ಕಳೆದ ಶನಿವಾರ ಸದರಿ ಹನೀಫಾ ವಿಷಲನ್ನು ತೊಳೆದು, ಒರೆಸಿ, ಟ್ರಂಕಿನಲ್ಲಿಟ್ಟರು. “ಇನ್ನು ಅದು ಬೇಡ. ಗುಜರಿಯವನು ಬಂದರೆ ಕೊಡು.” ಶೀನಪ್ಪನವರು ಬಂದರು, ಕುರ್ಚಿ ಹಾಕಿದರು, ಕಾದರು. ವಿಷಲ್ ಬರಲಿಲ್ಲ. ಕತ್ತಲಾದ ಮೇಲೆ ಕುರ್ಚಿ ಮಡಚುವಂಥದ್ದಲ್ಲ ಎಂಬುದು ಮರೆತು ಮಡಚಲು ನೋಡಿ, ಬಿಟ್ಟು ಹೋದರು. ಮರುದಿನ ಕುಕ್ಕರು ಕೂಗಿತು: ಒಂದು, ಎರಡು, ಮೂರು. ಸದರಿ ಹನೀಫಾ ಕುಳಿತೇ ಇದ್ದರು. ಬೇಳೆ ಬೆಣ್ಣೆಯ ಹಾಗೆ ಬೆಂದಿತ್ತು. ಅತ್ತೆಯವರೂ ಅರ್ಜಿದಾರಳೂ ಒಂದು ತುತ್ತನ್ನೂ ತಿನ್ನದೆ ತಟ್ಟೆ ಸರಿಸಿದರು. ಮನೆಯಲ್ಲಿ ಕಂಡಕ್ಟರಿರುವುದು ದೊಡ್ಡ ಸಂಕಟ, ಒಪ್ಪಿದೆ. ಇಲ್ಲದಿರುವುದು ತಡೆಯಲಿಕ್ಕಾಗುವುದಿಲ್ಲ. ಅರ್ಜಿದಾರಳಿಗೆ ಹೆದರಿಕೆ ಆಗಿದೆ.

ಆದ್ದರಿಂದಲೂ, ಮೇಲ್ಕಂಡ ಎಲ್ಲ ಕಾರಣಗಳಿಂದಲೂ, ವಜಾ ಆದೇಶವನ್ನು ತೆಗೆದುಹಾಕಿ ಸದರಿ ಹನೀಫಾರನ್ನು ಅದೇ ಬಸ್ಸಿಗೆ, ಅದೇ ಡ್ರೈವರರ ಬೆನ್ನಿಗೆ ಹತ್ತಿಸಬೇಕಾಗಿ ಕೋರಲಾಗಿದೆ. ಹಿಂದಿನ ಸಂಬಳ ಬೇಡ. ಸಣ್ಣ ಶಿಕ್ಷೆ ಬೇಕೇಬೇಕೆ? ಛೀಮಾರಿ ಹಾಕಬಹುದು, ಸಮಯವಿಲ್ಲದಿದ್ದರೆ ಆ ಕೆಲಸವನ್ನು ಅರ್ಜಿದಾರಳಿಗೆ ವಹಿಸಬಹುದು, ಅನುಭವ ಉಂಟು. ಧಣಿಗಳ ಕುಟುಂಬದ ಮದುವೆಗಳಿಗೆ ವಿಷಲ್ ತರಬಾರದೆಂದು ಆಜ್ಞೆ ಮಾಡಬಹುದು. ವೇತನ ಬಡ್ತಿ ತಡೆಯಬಹುದು, ಇದುವರೆಗೆ ಅದು ಬಂದ ನೆನಪೂ ಇಲ್ಲ.

ಹೆಚ್ಚುವರಿ ಅಂಶ (ಇಂದು, ಗುರುವಾರ ಬೆಳಿಗ್ಗೆ ಸೇರಿಸಿದ್ದು):

ಮೇಲಿನದ್ದನ್ನು ಬರೆದು ಮುಗಿಸಿ ಸಹಿ ಹಾಕಲು ಕುಳಿತಾಗ ಮೇಘಮಾಲಾ ಬಸ್ಸು ನಮ್ಮ ಮನೆಯೆದುರು ನಿಂತಿತು. ಅಲ್ಲಿ ಸ್ಟಾಪಿಲ್ಲ. ಬಸ್ಸು ದಿನಾ ಯಾಕೆ ಲೇಟು ಎಂದು ನೋಡಿ ಬರಲು ಧಣಿಗಳು ಮಗನನ್ನೇ ಕಳಿಸಿದ್ದರಂತೆ, ರಿಷಭ್ ಬಸ್ಸಿನಲ್ಲಿದ್ದರು. ಶೀನಪ್ಪನವರು ಬ್ರೇಕು ಹಾಕಿ, ಕೈ ಕಟ್ಟಿ ಕುಳಿತು, “ಸಣ್ಣ ಧಣಿಗಳೇ, ಇನ್ನು ಇದು ಹಂದುದಿಲ್ಲ. ಬೇಕಾದ್ರೆ ನನ್ನನ್ನೂ ವಜಾ ಮಾಡಿ” ಎಂದರು. ಪ್ರಯಾಣಿಕರು ಕಿಟಕಿಯಿಂದ ತಲೆ ಹೊರಗೆ ಹಾಕಿದರು.

ರಿಷಭ್ ಇಳಿದು ಅಂಗಳಕ್ಕೆ ಬಂದರು. ಸದರಿ ಹನೀಫಾ ಎದ್ದು ನಿಂತು, ಮುಖ ಎತ್ತದೆ, “ನಿಮ್ಮನ್ನು ನಗೆಪಾಟಲು ಮಾಡಿಬಿಟ್ಟೆ. ಮಾಫ್ ಮಾಡಿ” ಎಂದರು.

“ನನ್ನ ಹೆಂಡತಿಯೇ ದಿನಾ ಹೇಳ್ತಾಳೆ ಹನೀಫಾಕ, ನಾನು ಊಟಕ್ಕೆ ಲೇಟಾದ್ರೆ, ಹಿಂದೆ ಬಸ್ಸುಂಟು ಅಂತ. ಮೊದಮೊದಲು ಸಿಟ್ಟು ಬರ್ತಿತ್ತು. ಈಗ ಎಂತ ಮಾಡುದು?” ಎಂದು ರಿಷಭ್ ನೆಲ ನೋಡಿದರು. “ಅಪ್ಪನ ಹತ್ರ ಮಾತಾಡುವ. ಇವತ್ತು ಹೇಗಾದ್ರೂ ಈ ಬಸ್ಸನ್ನು ಮೂಡುಬಿದಿರೆ ಮುಟ್ಟಿಸಿ ಕೊಡಿ ಮಾರ್ರೆ.”

“ಆದೇಶ ಇಲ್ಲದೆ ಹತ್ತುದು ಹೇಗೆ?” ಎಂದರು ಸದರಿ ಹನೀಫಾ. ಇಂಥಾ ಸಮಯದಲ್ಲಿ ಕಾನೂನು!

ಅರ್ಜಿದಾರಳು ಒಳಗೆ ಓಡಿದಳು. ಟ್ರಂಕು ತೆರೆದು, ಸೀರೆಗಳನ್ನೆಲ್ಲ ಎಸೆದು, ವಿಷಲ್ ತಂದು ಅವರ ಕೈಗೆ ತುರುಕಿದಳು. ಆದಕಾರಣ ಮುಂದೆ ನಡೆದದ್ದಕ್ಕೆ ಪ್ರೇರಕಳು ಅರ್ಜಿದಾರಳೇ ಎಂದು ಒಪ್ಪಿಕೊಳ್ಳಲಾಗಿದೆ.

ಕೈಗೆ ವಿಷಲ್ ಬಂದ ಮೇಲೆ ಕಾಲು ಕೇಳಲಿಲ್ಲ. ಮೊಣಕಾಲು ನೋವಿನ ಅತ್ತೆ ಬಾಗಿಲಿಗೆ ಬರುವಷ್ಟರಲ್ಲಿ ಸದರಿ ಹನೀಫಾ ಫುಟ್‌ಬೋರ್ಡಿನಲ್ಲಿದ್ದರು. ಬಸ್ಸಿನ ಬೆನ್ನಿಗೆ ಪಟಪಟ ಎರಡು. ಎರಡು ವಿಷಲ್. “ರೈಟ್, ಪೋಯಿ!” ಶೀನಪ್ಪನವರು ಹಿಂದೆ ನೋಡಲಿಲ್ಲ. ಬಸ್ಸು ಹಾರಿದ ಹಾಗೆ ಹೋಯಿತು, ಒಳಗಿದ್ದವರೆಲ್ಲ ಕೂಗಿದರು, ಅರ್ಜಿದಾರಳೂ ಕೂಗಿದಳು.

ಆಗ ರಿಷಭ್ ಅಂಗಳದಲ್ಲಿಯೇ ಇದ್ದರು.

ಅವರು ಕೈ ಎತ್ತಿಕೊಂಡು ಓಡಿದರು. ಸದರಿ ಹನೀಫಾ ಫುಟ್‌ಬೋರ್ಡಿನಿಂದ ಹೊರಗೆ ಬಾಗಿ, ಓಡಿ ಬರುವ ಮನುಷ್ಯನನ್ನು ನೋಡಿ, ಅಂಗೈ ಅಗಲಿಸಿದರು. ಏನು ಹೇಳಿದರು ಎಂದು ತಮಗೆ ಪ್ರತ್ಯೇಕವಾಗಿ ತಿಳಿಸಬೇಕಾಗಿಲ್ಲ.

ಈ ಅರ್ಜಿ ಬರೆಯುವ ಹೊತ್ತಿಗೆ ರಿಷಭ್ ಅವರು ನಮ್ಮ ಜಗಲಿಯಲ್ಲಿ ಚಾ ಕುಡಿಯುತ್ತಿದ್ದಾರೆ. ಮೊದಲು ಎರಡು ಗುಟುಕು ಕುಡಿದರು. ಆಮೇಲೆ ಭುಜ ಕುಲುಕತೊಡಗಿತು. ಅಳುತ್ತಿದ್ದಾರೆಂದು ಅತ್ತೆ ಬೆನ್ನು ಸವರಿದರು. ಅಳುವಲ್ಲ, ನಗು. ಹೆಂಡತಿಗೆ ಫೋನು ಮಾಡಿ ಹೇಳಲು ಹೋಗಿ ನಗು ತಡೆಯಲಾಗದೆ ಫೋನನ್ನು ಅರ್ಜಿದಾರಳಿಗೆ ಕೊಟ್ಟರು. ಈ ಅರ್ಜಿಗೆ ಸಾಕ್ಷಿಯಾಗಿ ಸಹಿ ಹಾಕಿದ್ದಾರೆ. ನಕ್ಕ ಕಾರಣ ಸಹಿ ಸ್ವಲ್ಪ ಅಲುಗಿದೆ, ಮನ್ನಿಸಬೇಕು.

ಸದ್ಯಕ್ಕೆ ಸದರಿ ಹನೀಫಾ ಆದೇಶವಿಲ್ಲದೆ ಡ್ಯೂಟಿಯಲ್ಲಿದ್ದಾರೆ. ಬಸ್ಸು ಸಂಜೆ ತಿರುಗಿ ಬರುವುದರೊಳಗೆ ತಮ್ಮ ಆದೇಶ ಬಂದರೆ ಅನುಕೂಲ.

ತಮ್ಮ ನ್ಯಾಯದ ಮೇಲೂ ಆ ಎರಡು ವಿಷಲಿನ ಮೇಲೂ ಒಂದೇ ಸಮನಾದ ಭರವಸೆ ಇಟ್ಟಿರುವ,

(ಹಫ್ಸ)

ಸಾಕ್ಷಿ: ರಿಷಭ್ ಜೈನ್ (ಎರಡೂ ಸಲ ಬಿಟ್ಟುಹೋದ ವ್ಯಕ್ತಿ)

ಅಡಕಗಳು:
೧. ವಜಾ ಆದೇಶದ ಪ್ರತಿ.
೨. ವಿಡಿಯೊ ಇರುವ ಪೆನ್‌ಡ್ರೈವ್. (ವಿಚಾರಣೆಯ ಹೊತ್ತಿನಲ್ಲಿ ನೋಡುವುದಾದರೆ ಕೆಮ್ಮಿಗೆ ನೀರು ಇಟ್ಟುಕೊಳ್ಳುವುದು.)
೩. ಗ್ರೀಷ್ಮಾ ಅವರು ಫೋನಿನಲ್ಲಿ ಹೇಳಿ ಬರೆಸಿದ ಹೇಳಿಕೆ: “ಮದುವೆಯ ದಿನ ನನಗೆ ತುಂಬಾ ಹೆದರಿಕೆ ಇತ್ತು. ಡ್ರೈವರಿಗೆ ಆರತಿ ಎತ್ತಲಿಕ್ಕೆ ಹೋದಾಗ ನಗು ಬಂತು. ಆಮೇಲೆ ಹೆದರಿಕೆ ಇಲ್ಲ. ನನ್ನದು ದೂರು ಎಂತದೂ ಇಲ್ಲ.”
೪. ಬೇಯದ ಬೇಳೆ, ಮಾದರಿಗಾಗಿ, ಒಂದು ಚಮಚ.

ಕೊನೆಯ ವಿನಂತಿ: ಮದುವೆಯ ದಿನ ಸದರಿ ಹನೀಫಾ ಹೇಳಿದ್ದು ನಿಜ, ಹಿಂದೆ ಬಸ್ಸಿತ್ತು. ಇಂದು ಹೇಳಿದ್ದು ಶುದ್ಧ ಸುಳ್ಳು, ಬೇರೆ ಕಂಪೆನಿಯ ಬಸ್ಸು ಆಗಲೇ ಮುಂದೆ ಹೋಗಿಯಾಗಿದೆ, ಮಧ್ಯಾಹ್ನದವರೆಗೆ ಈ ರಸ್ತೆಯಲ್ಲಿ ಬಸ್ಸಿಲ್ಲ. ಸಣ್ಣ ಧಣಿಗಳು ಊಟಕ್ಕೂ ಇಲ್ಲಿಯೇ ಇರುವಂತಾಗಿದೆ. ಆದ್ದರಿಂದ ಈ ಒಂದು ಸುಳ್ಳಿಗೆ ಮಾತ್ರ ಸದರಿ ಹನೀಫಾರಿಗೆ ತಮಗೆ ಸರಿ ಕಂಡ ಯಾವುದಾದರೂ ಸಣ್ಣ ಶಿಕ್ಷೆಯನ್ನು ವಿಧಿಸಬಹುದು; ಅದರ ಬಗ್ಗೆ ಅರ್ಜಿದಾರಳ ತಕರಾರು ಇರುವುದಿಲ್ಲ.